ಹಂಪೆಯಲ್ಲಿ ಗುಡಿಗೆ ಬೆನ್ನು ಹಾಕಿ ನಿಲ್ಲಿ

ಹಂಪೆಗೆ ಹೋದವರು ತೆಗೆಸಿಕೊಳ್ಳುವ ಫೋಟೋಗಳೆಲ್ಲ ಹೆಚ್ಚೂಕಡಿಮೆ ಒಂದೇ ಥರ. ಕಲ್ಲಿನ ರಥದ ಮುಂದೆ ಒಂದು, ಕಮಲ ಮಹಲಿನ ಮುಂದೆ ಒಂದು, ಆನೆ ಲಾಯದ ಮುಂದೆ ಇನ್ನೊಂದು. ಬೆನ್ನು ಕಟ್ಟಡದ ಕಡೆ, ಮುಖ ಮೊಬೈಲಿನ ಕಡೆ. ನಾನೂ ಎಷ್ಟೋ ಸಲ ಹೀಗೇ ನಿಂತಿದ್ದೇನೆ. ಹಾಗೆ ನಿಂತಾಗ ಕಣ್ಣೆದುರಿಗೆ ಏನು ಕಾಣುತ್ತದೆ ಅಂತ ಗಮನಿಸಿದ್ದು ಮಾತ್ರ ಬಹಳ ತಡವಾಗಿ. ಫೋಟೋ ತೆಗೆಯುವವರ ತಲೆಯ ಮೇಲಿಂದ, ತುಸು ದೂರದಲ್ಲಿ, ಯಾವುದಾದರೂ ಒಂದು ಗುಡ್ಡ ಇಣುಕುತ್ತಿರುತ್ತದೆ.

ಹಂಪೆಯಲ್ಲಿ ಎಲ್ಲಿ ನೋಡಿದರೂ ಗುಡ್ಡವೇ, ಅದರಲ್ಲೇನು ವಿಶೇಷ ಅನ್ನಬಹುದು. ಆದರೆ ಕೆಲವು ಮುಖ್ಯ ಕಟ್ಟಡಗಳ ಎದುರಿಗೆ ಇರುವುದು ಸುಮ್ನೆ ಇರುವ ಗುಡ್ಡ ಅಲ್ಲ. ಕಟ್ಟಿದವರು ಮೊದಲು ಗುಡ್ಡ ನೋಡಿ, ಆಮೇಲೆ ತಳಪಾಯಕ್ಕೆ ಗುರುತು ಹಾಕಿದ್ದಾರೆ. ಆ ಗುಡ್ಡ ಯಾವುದು, ಅದರ ಕಥೆ ಏನು ಅಂತ ಗೊತ್ತಿಲ್ಲದಿದ್ದರೆ ಕಟ್ಟಡ ಅರ್ಧ ಮಾತ್ರ ಅರ್ಥವಾಗುತ್ತದೆ. ಶಾಲೆಯ ಇತಿಹಾಸ ಪಾಠದಲ್ಲಿ ನಮಗೆ ಸಿಕ್ಕಿದ್ದು ಆ ಅರ್ಧವೇ. ಯಾವ ರಾಜ, ಯಾವ ಇಸವಿ, ಎಷ್ಟು ಕಂಬ. ಉಳಿದ ಅರ್ಧ ಕಟ್ಟಡದ ಹೊರಗಿದೆ.

ಬಂಡೆಗಳಿಂದ ಶುರು ಮಾಡೋಣ

ಮಕ್ಕಳನ್ನು ಹಂಪೆಗೆ ಕರೆದುಕೊಂಡು ಹೋದರೆ ಅವರು ಕೇಳುವ ಮೊದಲ ಪ್ರಶ್ನೆ ಗುಡಿಯದ್ದಲ್ಲ, ಬಂಡೆಯದ್ದು. ಇಷ್ಟು ದೊಡ್ಡ ಕಲ್ಲುಗಳನ್ನು ಹೀಗೆ ಒಂದರ ಮೇಲೊಂದು ಯಾರು ಪೇರಿಸಿದರು? ಊರಿನವರ ಹತ್ತಿರ ಉತ್ತರ ಸಿದ್ಧವಾಗಿದೆ. ಇದು ಕಿಷ್ಕಿಂಧೆ. ವಾಲಿ, ಸುಗ್ರೀವರು ಹೊಡೆದಾಡುವಾಗ ಎತ್ತಿ ಎಸೆದ ಕಲ್ಲುಗಳು ಇವು.

ಭೂವಿಜ್ಞಾನದ ಉತ್ತರ ಬೇರೆ. ಈ ಕಲ್ಲುಗಳನ್ನು ಯಾರೂ ಎಲ್ಲಿಂದಲೂ ತಂದಿಲ್ಲ. ಹುಟ್ಟಿದ ಜಾಗದಲ್ಲೇ ಇವೆ. ಇಲ್ಲಿನ ಗ್ರಾನೈಟ್ ಸುಮಾರು 250 ಕೋಟಿ ವರ್ಷ ಹಳೆಯದು. ನೆಲದ ಆಳದಲ್ಲಿ ಗಟ್ಟಿಯಾದ ಈ ಕಲ್ಲು ಮೇಲಕ್ಕೆ ಬರುತ್ತಾ ಬರುತ್ತಾ ಉದ್ದಕ್ಕೂ ಅಡ್ಡಕ್ಕೂ ಬಿರುಕು ಬಿಟ್ಟಿತು. ಬಿರುಕಿನಲ್ಲಿ ನೀರು ಇಳಿಯಿತು. ನೀರು ತಾಗಿದ ಕಡೆ ಕಲ್ಲು ಕೊಳೆತು ಮಣ್ಣಾಯಿತು. ಚೌಕ ಕಲ್ಲಿನ ಮೂಲೆಗಳಿಗೆ ಎರಡು ಮೂರು ಕಡೆಯಿಂದ ನೀರು ತಾಗುತ್ತದೆ. ಹಾಗಾಗಿ ಮೂಲೆಗಳು ಬೇಗ ಸವೆದು, ನಡುವಿನ ಗಟ್ಟಿ ಭಾಗ ಗುಂಡಗೆ ಉಳಿಯಿತು. ಆಮೇಲೆ ಮಳೆ ಸುತ್ತಲಿನ ಮಣ್ಣನ್ನು ತೊಳೆದುಕೊಂಡು ಹೋಯಿತು. ಉಳಿದದ್ದೇ ಪೇರಿಸಿಟ್ಟಂತೆ ಕಾಣುವ ಈ ಗುಂಡುಗಳು. ಈರುಳ್ಳಿಯ ಸಿಪ್ಪೆಯ ಹಾಗೆ ಪದರ ಪದರವಾಗಿ ಏಳುತ್ತಿರುವ ಬಂಡೆಗಳನ್ನು ಈಗಲೂ ಅಲ್ಲಿ ನೋಡಬಹುದು.

ಎರಡು ಉತ್ತರಗಳೂ ಒಂದೇ ಪ್ರಶ್ನೆಯಿಂದ ಹುಟ್ಟಿದ್ದು. ಇಂಥ ಬಂಡೆಗಳನ್ನು ನೋಡಿದ ಮನುಷ್ಯ ಕಥೆ ಕಟ್ಟದೆ ಇರಲಾರ. ಕಮಲಾಪುರದಿಂದ ಹಂಪೆಗೆ ಬರುವ ದಾರಿಯಲ್ಲಿ ಒಂದಕ್ಕೊಂದು ತಲೆ ಆನಿಸಿ ನಿಂತ ಎರಡು ಬಂಡೆಗಳಿವೆ. ಅಕ್ಕ ತಂಗಿ ಗುಡ್ಡ ಅಂತ ಹೆಸರು. ಹಂಪೆಯನ್ನು ಹಳಿದ ಇಬ್ಬರು ಅಕ್ಕತಂಗಿಯರು ಅಲ್ಲೇ ಕಲ್ಲಾದರಂತೆ. ಶಾಸನ, ಪುರಾಣ ಯಾವುದರ ಹಂಗೂ ಇಲ್ಲದೆ ಬಾಯಿಂದ ಬಾಯಿಗೆ ಬಂದ ಕಥೆ.

ರಾಜರಿಗಿಂತ ಮೊದಲು ಬಂದ ಹೆಣ್ಣು

ವಿಜಯನಗರ ಶುರುವಾದದ್ದು 1336ರಲ್ಲಿ ಅಂತ ಓದಿದ್ದೇವೆ. ಆದರೆ ಸಂಗಮ ಸೋದರರು ಬರುವ ಹೊತ್ತಿಗೆ ಈ ಜಾಗಕ್ಕೆ ಹೆಸರಿತ್ತು, ದೇವರಿದ್ದರು, ಜಾತ್ರೆಗೆ ಬರುವ ಜನರಿದ್ದರು. ಹೆಸರೇ ಅದಕ್ಕೆ ಸಾಕ್ಷಿ. ಹಳೆಗನ್ನಡದ ಪಾಲು ಹಾಲಾಯಿತು, ಪಾವು ಹಾವಾಯಿತು. ಅದೇ ದಾರಿಯಲ್ಲಿ ಪಂಪೆ ಹಂಪೆಯಾಯಿತು. ಪಂಪೆ ಅಂದರೆ ಇಲ್ಲಿನ ದೇವಿ. ನದಿಗೂ ಅದೇ ಹೆಸರು.

ಕಥೆ ಹೀಗಿದೆ. ಶಿವ ಹೇಮಕೂಟ ಬೆಟ್ಟದ ಮೇಲೆ ತಪಸ್ಸಿಗೆ ಕೂತಿದ್ದ. ಪಂಪೆ ಅವನನ್ನೇ ಮದುವೆಯಾಗಬೇಕೆಂದು ತಪಸ್ಸು ಮಾಡಿದಳು. ನಡುವೆ ಮನ್ಮಥ ಬಂದು ಸುಟ್ಟು ಬೂದಿಯಾದ. ಕೊನೆಗೆ ಮದುವೆ ಆಯಿತು, ದೇವತೆಗಳು ಚಿನ್ನದ ಮಳೆ ಸುರಿಸಿದರು, ಬೆಟ್ಟಕ್ಕೆ ಹೇಮಕೂಟ ಅಂತ ಹೆಸರು ಬಂತು. ಪಂಡಿತರು ಇದನ್ನು ಇನ್ನೊಂದು ಥರ ಓದುತ್ತಾರೆ. ಪಂಪೆ ಮೊದಲು ಯಾರ ಹೆಂಡತಿಯೂ ಅಲ್ಲದ ಸ್ಥಳದ ದೇವಿ. ಶಿವ ಆಮೇಲೆ ಬಂದವನು. ಮದುವೆಯ ಕಥೆಯ ಮೂಲಕ ಇಬ್ಬರನ್ನೂ ಸೇರಿಸಲಾಯಿತು. ಈ ಓದನ್ನು ಒಪ್ಪಿದರೆ ವಿರೂಪಾಕ್ಷನಿಗೆ ಪಂಪಾಪತಿ ಅಂತ ಕರೆಯುವುದರಲ್ಲಿ ಒಂದು ತಮಾಷೆ ಇದೆ. ಇಲ್ಲಿ ಅವನು ಮನೆ ಅಳಿಯ! ಇವತ್ತಿಗೂ ಚಳಿಗಾಲದಲ್ಲಿ ಫಲಪೂಜೆ ಅಂತ ನಿಶ್ಚಿತಾರ್ಥ ನಡೆಯುತ್ತದೆ, ಚೈತ್ರದಲ್ಲಿ ಕಲ್ಯಾಣೋತ್ಸವ, ತೇರು.

ಹೊಸದಾಗಿ ರಾಜ್ಯ ಕಟ್ಟುವವರಿಗೆ ಇಂಥ ಜಾಗ ಯಾಕೆ ಬೇಕು ಅಂತ ಯೋಚಿಸಿ. ಕೋಟೆಗೆ ಒಳ್ಳೆಯ ಜಾಗ ಅನ್ನುವುದು ಒಂದು ಕಾರಣ. ಉತ್ತರಕ್ಕೆ ಹೊಳೆ, ಉಳಿದ ಕಡೆ ಬಂಡೆಗುಡ್ಡ. ಗುಡ್ಡದಿಂದ ಗುಡ್ಡಕ್ಕೆ ನಡುವಿನ ಸಂದಿಯಲ್ಲಿ ಗೋಡೆ ಕಟ್ಟಿದರೆ ಅರ್ಧ ಕೆಲಸ ಮುಗಿದಂತೆ. 1443ರಲ್ಲಿ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್ ಒಂದರ ಒಳಗೊಂದು ಏಳು ಕೋಟೆ ನೋಡಿದೆ ಅನ್ನುತ್ತಾನೆ. ಕುದುರೆಗಳು ನುಗ್ಗದ ಹಾಗೆ ಆಳೆತ್ತರದ ಕಲ್ಲುಗಳನ್ನು ನೆಲದಲ್ಲಿ ಹೂತಿದ್ದರಂತೆ.

ಆದರೆ ಕೋಟೆ ಕಟ್ಟಿದ ಮಾತ್ರಕ್ಕೆ ಜನ ರಾಜ ಅಂತ ಒಪ್ಪುತ್ತಾರಾ? ಆ ಒಪ್ಪಿಗೆ ಬೇಕಾದರೆ ಜಾಗದ ಒಡೆಯನ ಹೆಸರು ಬೇಕು. ವಿಜಯನಗರದ ಅರಸರ ತಾಮ್ರಪಟಗಳ ಕೊನೆಗೆ ರಾಜನ ಹೆಸರಿನ ರುಜು ಇರುವುದಿಲ್ಲ. ಇಡೀ ಶಾಸನ ಸಂಸ್ಕೃತದಲ್ಲಿದ್ದರೂ ಕೊನೆಗೆ ಕನ್ನಡ ಅಕ್ಷರದಲ್ಲಿ ‘ಶ್ರೀ ವಿರೂಪಾಕ್ಷ’ ಅಂತ ಇರುತ್ತದೆ. ಸಹಿ ಮಾಡುವವನು ದೇವರು. ರಾಜ ಅವನ ಪರವಾಗಿ ಕಾರುಬಾರು ನೋಡುವವನು.

ಬಂಡೆಯೇ ಗರ್ಭಗುಡಿ

ಮಾಲ್ಯವಂತ ಬೆಟ್ಟಕ್ಕೆ ಜಾಸ್ತಿ ಜನ ಹೋಗುವುದಿಲ್ಲ. ಕಮಲಾಪುರದಿಂದ ಕಂಪ್ಲಿ ದಾರಿಯಲ್ಲಿ ಹೋದರೆ ಸಿಗುತ್ತದೆ. ಸೀತೆಯನ್ನು ಹುಡುಕಲು ಹೊರಡುವ ಮುಂಚೆ ರಾಮ ಲಕ್ಷ್ಮಣರು ಮಳೆಗಾಲದ ನಾಲ್ಕು ತಿಂಗಳು ಕಾದದ್ದು ಇಲ್ಲಿ ಅಂತ ನಂಬಿಕೆ. ಅಲ್ಲಿನ ರಘುನಾಥ ಗುಡಿಯನ್ನು ಒಮ್ಮೆ ಸುತ್ತ ಬಂದು ನೋಡಿ. ಒಂದು ದೊಡ್ಡ ಬಂಡೆ. ಅದರ ಮೈಮೇಲೆ ರಾಮ, ಸೀತೆ, ಲಕ್ಷ್ಮಣ, ಹನುಮರನ್ನು ಕಡೆದಿದ್ದಾರೆ. ಬಂಡೆಯ ಸುತ್ತ ಗುಡಿ ಕಟ್ಟಿದ್ದಾರೆ. ಬಂಡೆ ಚಾವಣಿಯನ್ನು ದಾಟಿ ಹೊರಗೆ ಎದ್ದಿದೆ. ಶಿಖರವನ್ನು ಎಲ್ಲಿಟ್ಟಿದ್ದಾರೆ? ಆ ಬಂಡೆಯ ನೆತ್ತಿಯ ಮೇಲೆ, ಟೋಪಿ ಇಟ್ಟ ಹಾಗೆ.

ಬಂಡೆ ಒಡೆಯಲು ಬಾರದೆ ಹೀಗೆ ಮಾಡಿದರು ಅಂತಲ್ಲ. ಹಂಪೆಯ ತುಂಬಾ ಸಾಲಾಗಿ ತೂತು ಕೊರೆದ ಬಂಡೆಗಳಿವೆ. ಆ ತೂತುಗಳಿಗೆ ಬೆಣೆ ಹೊಡೆದು ಕಲ್ಲನ್ನು ಹಲಗೆ ಸೀಳಿದಂತೆ ಸೀಳುತ್ತಿದ್ದರು. ಕೆಲವು ಕಡೆ ತೂತು ಕೊರೆದು, ಸೀಳದೆ ಬಿಟ್ಟು ಹೋಗಿದ್ದಾರೆ. ಬೇಕಾದ ಕಲ್ಲನ್ನು ಬೇಕಾದ ಅಳತೆಗೆ ಒಡೆಯುವುದು ಅವರಿಗೆ ನೀರು ಕುಡಿದಷ್ಟು ಸುಲಭ. ಆದರೂ ಮಾಲ್ಯವಂತದ ಬಂಡೆಗೆ ಬೆಣೆ ಹಾಕಲಿಲ್ಲ. ರಾಮ ಕೂತ ಕಲ್ಲನ್ನು ಒಡೆದು ಅದೇ ಜಾಗದಲ್ಲಿ ರಾಮನಿಗೆ ಗುಡಿ ಕಟ್ಟಿದರೆ ಏನು ಬಂತು?

ಹೊಳೆ ದಂಡೆಯ ಕೋದಂಡರಾಮನ ಗುಡಿಯಲ್ಲೂ ಹೀಗೇ. ಅಲ್ಲಿನ ಮೂರ್ತಿಗಳನ್ನೂ ಇದ್ದ ಬಂಡೆಯಲ್ಲೇ ಕಡೆದದ್ದು. ರಾಮ ಸುಗ್ರೀವನಿಗೆ ಪಟ್ಟ ಕಟ್ಟಿದ ಜಾಗ ಅದು ಅನ್ನುತ್ತಾರೆ. ವಿರೂಪಾಕ್ಷ ಗುಡಿಯ ಮುಂದಿನ ರಥಬೀದಿ ಪೂರ್ವಕ್ಕೆ ನೇರವಾಗಿ ಹೋಗಿ ಮುಗಿಯುವುದು ಮಾತಂಗ ಬೆಟ್ಟದ ಬುಡದಲ್ಲಿ, ಒಂದೇ ಕಲ್ಲಿನ ಎದುರು ಬಸವಣ್ಣನ ಹತ್ತಿರ. ವಾಲಿಗೆ ಹೆದರಿದ ಸುಗ್ರೀವನಿಗೆ ಆಸರೆಯಾಗಿದ್ದದ್ದು ಮಾತಂಗ ಮುನಿಯ ನೆಲ. ಮುನಿಯ ಶಾಪ ಇದ್ದದ್ದರಿಂದ ವಾಲಿ ಅಲ್ಲಿಗೆ ಕಾಲಿಡುವಂತಿರಲಿಲ್ಲ. ಬಲಶಾಲಿ ಶತ್ರುಗಳ ನಡುವೆ ಹೊಸ ರಾಜ್ಯ ಕಟ್ಟುವವರಿಗೆ ಈ ಕಥೆ ಎಷ್ಟು ಹತ್ತಿರದ್ದು ಅನ್ನಿಸಿರಬೇಕು, ಅಲ್ವಾ?

ಹಜಾರರಾಮನ ಗುಡಿ ಎಲ್ಲಿ ನಿಂತಿದೆ?

ಈಗ ಅರಮನೆ ಪ್ರದೇಶಕ್ಕೆ ಬನ್ನಿ. ನನ್ನ ಮಟ್ಟಿಗೆ ಇಡೀ ಹಂಪೆಯಲ್ಲಿ ಅತಿ ಜಾಣತನದ ಕಟ್ಟಡ ಹಜಾರರಾಮನ ಗುಡಿ. ಕಟ್ಟಿಸಿದ್ದು ಒಂದನೇ ದೇವರಾಯ, 15ನೇ ಶತಮಾನದ ಆರಂಭದಲ್ಲಿ. ಹಜಾರ ಅಂದರೆ ಸಾವಿರ ಅನ್ನುವವರಿದ್ದಾರೆ, ಮನೆಯ ಮುಂದಿನ ಹಜಾರ ಅನ್ನುವವರೂ ಇದ್ದಾರೆ. ಶಾಸನಗಳಲ್ಲಿ ಅವನು ಬರೀ ರಾಮಚಂದ್ರ.

ಗುಡಿ ದೊಡ್ಡದಲ್ಲ. ವಿಶೇಷ ಇರುವುದು ಅದು ನಿಂತ ಜಾಗದಲ್ಲಿ. ಜಾನ್ ಫ್ರಿಟ್ಜ್ ಮತ್ತು ಜಾರ್ಜ್ ಮಿಚೆಲ್ ಎಂಬ ವಿದ್ವಾಂಸರು 1980ರ ದಶಕದಿಂದ ವರ್ಷಗಟ್ಟಲೆ ಇಲ್ಲಿ ಅಳತೆ ಮಾಡಿ ನಕ್ಷೆ ಬರೆದರು. ಆಗ ಒಂದು ಸಂಗತಿ ಹೊರಬಂತು. ಈ ಗುಡಿಯಿಂದ ಉತ್ತರಕ್ಕೆ ಗೆರೆ ಎಳೆದರೆ ಅದು ಹೋಗಿ ಮುಟ್ಟುವುದು ಮಾತಂಗ ಬೆಟ್ಟದ ನೆತ್ತಿಯನ್ನು. ಈಶಾನ್ಯಕ್ಕೆ ಕಣ್ಣು ಹಾಯಿಸಿದರೆ ಮಾಲ್ಯವಂತ. ಅಂದರೆ ಸುಗ್ರೀವನ ಬೆಟ್ಟ ಒಂದು ಕಡೆ, ರಾಮ ಕಾದ ಬೆಟ್ಟ ಇನ್ನೊಂದು ಕಡೆ. ಅದೇ ಉತ್ತರ ದಕ್ಷಿಣದ ಗೆರೆ ಅರಮನೆ ಪ್ರದೇಶವನ್ನು ಎರಡು ಭಾಗ ಮಾಡುತ್ತದೆ. ಪೂರ್ವಕ್ಕೆ ರಾಜ ಎಲ್ಲರೆದುರು ಕಾಣಿಸಿಕೊಳ್ಳುವ ಜಾಗಗಳು, ಮಹಾನವಮಿ ದಿಬ್ಬ, ನೂರು ಕಂಬದ ಸಭಾಮಂಟಪ. ಪಶ್ಚಿಮಕ್ಕೆ ವಾಸದ ಮನೆಗಳು. ಎರಡರ ನಡುವೆ ರಾಮ. ಊರಿನ ದಾರಿಗಳು ಬಂದು ಸೇರುವುದೂ ಗುಡಿಯ ಮುಂದಿನ ಬಯಲಿನಲ್ಲಿ.

ಆಮೇಲೆ ಗೋಡೆಗಳನ್ನು ನೋಡಿ. ಒಳಗಿನ ಗುಡಿಯ ಗೋಡೆಯ ಮೇಲೆ ಮೂರು ಸಾಲಿನಲ್ಲಿ ರಾಮಾಯಣ. ಸುತ್ತಲಿನ ಪ್ರಾಕಾರದ ಹೊರಮೈ ಮೇಲೆ ಆನೆ, ಕುದುರೆ, ಕಾಲಾಳು, ಕುಣಿಯುವ ಹೆಣ್ಣುಮಕ್ಕಳು. ಅದು ರಾಜನ ಮಹಾನವಮಿಯ ಮೆರವಣಿಗೆ. ರಾಜನೇ ರಾಮ ಅಂತ ಎಲ್ಲಿಯೂ ಬರೆದಿಲ್ಲ. ಬರೆದಿದ್ದರೆ ಯಾರಾದರೂ ತಕರಾರು ತೆಗೆಯುತ್ತಿದ್ದರು. ಒಳಗೆ ರಾಮನ ಕಥೆ, ಹೊರಗೆ ರಾಜನ ವೈಭವ, ಸುತ್ತ ನಿಜವಾದ ಕಿಷ್ಕಿಂಧೆಯ ಗುಡ್ಡಗಳು. ಈ ಮೂರನ್ನೂ ನೋಡಿದವನು ಉಳಿದದ್ದನ್ನು ತಾನೇ ಜೋಡಿಸಿಕೊಳ್ಳುತ್ತಾನೆ.

ಮಹಾನವಮಿಗೂ ಇದೇ ನಂಟು. ರಾವಣನ ಮೇಲೆ ಯುದ್ಧಕ್ಕೆ ಹೋಗುವ ಮುಂಚೆ ರಾಮ ದೇವಿಯನ್ನು ಪೂಜಿಸಿದ ಅನ್ನುವ ಕಥೆ ಇದೆಯಲ್ಲ, ಮಳೆಗಾಲ ಮುಗಿದು ದಂಡು ಹೊರಡುವ ಮುಂಚೆ ರಾಜನೂ ಹಾಗೇ ಒಂಬತ್ತು ದಿನ ಪೂಜೆ ಮಾಡುತ್ತಿದ್ದ. 1520ರ ಸುಮಾರಿಗೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಈ ಹಬ್ಬವನ್ನು ಕಣ್ಣಾರೆ ಕಂಡು ಪುಟಗಟ್ಟಲೆ ಬರೆದಿದ್ದಾನೆ. ರಾಜ ವೊಡೆಯರು 1610ರಲ್ಲಿ ಶ್ರೀರಂಗಪಟ್ಟಣದಲ್ಲಿ ಶುರು ಮಾಡಿದ ದಸರಾಕ್ಕೆ ಮಾದರಿ ಇದೇ. ನಾವು ಟಿವಿಯಲ್ಲಿ ನೋಡುವ ಜಂಬೂ ಸವಾರಿಯ ಹಳೆಯ ಚಿತ್ರ ಹಂಪೆಯ ಕಲ್ಲಿನಲ್ಲಿದೆ.

ಕಮಾನುಗಳ ಮಾತು

ರಾಮಾಯಣ ಅಷ್ಟೇ ಆಗಿದ್ದರೆ ಕಮಲ ಮಹಲಿನಲ್ಲಿ ಕಮಾನುಗಳು ಯಾಕೆ, ಆನೆ ಲಾಯದ ಮೇಲೆ ಗುಮ್ಮಟಗಳು ಯಾಕೆ? (ಈ ಹೆಸರುಗಳೆಲ್ಲ ಆಮೇಲೆ ಬಂದವು. ಕಟ್ಟಿದ ಕಾಲದಲ್ಲಿ ಏನೆನ್ನುತ್ತಿದ್ದರೋ.) ಉತ್ತರದ ಬಹಮನಿ ಸುಲ್ತಾನರ ಜೊತೆ ವಿಜಯನಗರ ಯುದ್ಧ ಮಾಡುತ್ತಲೇ ಇತ್ತು, ಅವರ ಬಟ್ಟೆ, ಟೋಪಿ, ಕಟ್ಟಡದ ಶೈಲಿಯನ್ನು ಮೆಚ್ಚುತ್ತಲೂ ಇತ್ತು. ಅರಸರ ಬಿರುದುಗಳಲ್ಲಿ ಒಂದು ‘ಹಿಂದೂರಾಯ ಸುರತ್ರಾಣ’. ಸುರತ್ರಾಣ ಅಂದರೆ ಸುಲ್ತಾನ. ದೇವರ ಗುಡಿಗೆ ಒಂದು ಶೈಲಿ, ದರ್ಬಾರಿನ ಕಟ್ಟಡಕ್ಕೆ ಇನ್ನೊಂದು. ಕಮಾನು ಅಂದರೆ ಆ ಕಾಲದ ದೊಡ್ಡ ಲೋಕದ ಜೊತೆ ನಮಗೂ ಸಂಬಂಧ ಇದೆ ಅಂತ ತೋರಿಸುವ ಗುರುತು.

ಇದರ ಇನ್ನೊಂದು ಮುಖವೂ ಇದೆ. ಇಮ್ಮಡಿ ದೇವರಾಯನ ಕೈಕೆಳಗಿದ್ದ ಅಹ್ಮದ್ ಖಾನ್ 1439ರಲ್ಲಿ ಒಂದು ಮಸೀದಿ ಕಟ್ಟಿಸಿದ. ಅದರಲ್ಲಿ ಕಮಾನು, ಗುಮ್ಮಟ ಯಾವುದೂ ಇಲ್ಲ. ನೋಡಲು ಗುಡಿಯ ಮುಂದಿನ ಕಂಬದ ಮಂಟಪದಂತೆಯೇ ಇದೆ. ಶಾಸನ ಕನ್ನಡದಲ್ಲಿದೆ, ಅದರಲ್ಲಿ ‘ಧರ್ಮಸಾಲೆ’ ಅನ್ನುವ ಮಾತಿದೆ, ರಾಜನಿಗೆ ಪುಣ್ಯ ಬರಲಿ ಅಂತ ಇದೆ. ಸುಲ್ತಾನ ಅನ್ನಿಸಿಕೊಂಡ ಹಿಂದೂ ರಾಜನಿಗೆ ಕಮಾನು, ಮುಸ್ಲಿಂ ಸರದಾರನಿಗೆ ಕಂಬದ ಮಂಟಪ. ಕಟ್ಟಡ ನೋಡಿ ಕಟ್ಟಿದವನ ಧರ್ಮ ಹೇಳುತ್ತೇನೆ ಅನ್ನುವವರು ಇಲ್ಲಿ ಬಂದು ಒಮ್ಮೆ ಪರೀಕ್ಷೆ ಬರೆಯಬೇಕು.

ಬಾಳೆತೋಟವೂ ಸ್ಮಾರಕವೇ

ಗುಡಿಗಳಿರುವ ಹೊಳೆ ದಂಡೆಗೂ ಅರಮನೆ ಪ್ರದೇಶಕ್ಕೂ ನಡುವೆ ಹಸಿರು ಕಣಿವೆ ಇದೆ. ಬಾಳೆ, ಭತ್ತ, ಕಬ್ಬು. ನಾವು ಆಟೋದಲ್ಲಿ ಕೂತು ಅದನ್ನು ದಾಟಿಬಿಡುತ್ತೇವೆ, ಮುಂದಿನ ಸ್ಮಾರಕ ಎಲ್ಲಿ ಅಂತ ಕೇಳುತ್ತಾ. ಆ ಹಸಿರಿಗೆ ನೀರು ಕೊಡುವ ತುರ್ತು ಕಾಲುವೆ ವಿಜಯನಗರದ ಕಾಲದ್ದು. ಅರಮನೆ ಬಿತ್ತು, ಪೇಟೆ ಹಾಳಾಯಿತು, ಕಾಲುವೆ ಹರಿಯುತ್ತಲೇ ಇದೆ. ಪಾಯೆಸ್ ಒಂದು ಗುಡ್ಡ ಹತ್ತಿ ಊರು ನೋಡಿದ. ಇದು ರೋಮಿನಷ್ಟು ದೊಡ್ಡದು ಅನ್ನಿಸಿತು ಅಂತ ಬರೆದ. ಅವನಿಗೆ ಕಂಡದ್ದರಲ್ಲಿ ಮನೆ ಮನೆಯ ತೋಪುಗಳು, ನಡುನಡುವೆ ಹರಿಯುವ ನೀರಿನ ಕಾಲುವೆಗಳು ಸೇರಿದ್ದವು. ಹೊಳೆ ದಾಟಿಸುವ ಗುಂಡನೆಯ ಬುಟ್ಟಿ ದೋಣಿಯನ್ನೂ ಅವನು ಬಿಟ್ಟಿಲ್ಲ. ನಾವು ದುಡ್ಡು ಕೊಟ್ಟು ಕೂರುವ ಹರಿಗೋಲು ಅದೇ.

ಅರಮನೆ ಪ್ರದೇಶದ ಮೆಟ್ಟಿಲು ಪುಷ್ಕರಣಿ 1980ರ ದಶಕದ ಅಗೆತದಲ್ಲಿ ಸಿಕ್ಕಿತು. ಅದರ ಕರಿಗಲ್ಲುಗಳ ಮೇಲೆ ಯಾವ ಕಲ್ಲು ಯಾವ ದಿಕ್ಕಿಗೆ, ಯಾವ ಸಾಲಿಗೆ ಅಂತ ಕನ್ನಡ ಅಕ್ಷರದ ಗುರುತುಗಳಿವೆ. ಬೇರೆಡೆ ಕಡೆದು ತಂದು ಇಲ್ಲಿ ಜೋಡಿಸಿದ್ದು. ರಾಜರ ಶಾಸನಗಳಿಗಿಂತ ನನಗೆ ಈ ಅಕ್ಷರಗಳೇ ಜಾಸ್ತಿ ಹಿಡಿಸುತ್ತವೆ.

‘ಹಾಳು’ ಎಂಬ ಅರ್ಥ

1565ರ ಜನವರಿಯ ಯುದ್ಧ, ಆಮೇಲಿನ ಲೂಟಿ ಎಲ್ಲರಿಗೂ ಗೊತ್ತು. ಅಲ್ಲಿಂದ ಮುಂದೆ ಊರಿನ ಹೆಸರಿನ ಹಿಂದೆ ‘ಹಾಳು’ ಅಂಟಿಕೊಂಡಿತು. ಹಾಳು ಹಂಪೆ. ಆದರೆ ವಿರೂಪಾಕ್ಷನ ಪೂಜೆ ನಡೆದುಕೊಂಡೇ ಬಂತು. ಜಾತ್ರೆಗೆ ಬರುವವರಿಗೆ ಹಂಪೆ ಹಾಳಾಗಿರಲಿಲ್ಲ. ಹಾಳು ಕಂಡದ್ದು ರಾಜರನ್ನು ಹುಡುಕಿಕೊಂಡು ಬಂದವರಿಗೆ. 1856ರಲ್ಲಿ ಅಲೆಕ್ಸಾಂಡರ್ ಗ್ರೀನ್‌ಲಾ ಎಂಬ ಸೇನಾಧಿಕಾರಿ ಇಲ್ಲಿನ ಫೋಟೋ ತೆಗೆದ. ಜನರಿಲ್ಲದ, ಗಿಡ ಬೆಳೆದ, ಮೌನವಾದ ಕಟ್ಟಡಗಳು.

1905ರಲ್ಲಿ ಆಲೂರು ವೆಂಕಟರಾಯರು ಆನೆಗೊಂದಿ, ಹಂಪೆಗೆ ಬಂದರು. ಅದೇ ಹಾಳನ್ನು ನೋಡಿ ಅವರಿಗೆ ಅನ್ನಿಸಿದ್ದು ಬೇರೆ. ಇದು ಕನ್ನಡಿಗರದ್ದು, ನಾವು ಮರೆತಿದ್ದೇವೆ ಅಂತ. ಹರಿದು ಹಂಚಿಹೋಗಿದ್ದ ಕನ್ನಡ ನಾಡನ್ನು ಒಂದು ಮಾಡುವ ಕೆಲಸಕ್ಕೆ ಅವರಿಗೆ ಬಲ ಸಿಕ್ಕಿದ್ದು ಆ ಭೇಟಿಯಿಂದ. ಕಲ್ಲು ಅದೇ, ಅರ್ಥ ಮೂರನೆಯದು. ಕಿಷ್ಕಿಂಧೆ, ರಾಜಧಾನಿ ಎರಡೂ ಆಗಿದ್ದ ಜಾಗ ಈಗ ಒಂದು ಭಾಷೆಯ ಜನರ ನೆನಪಾಯಿತು. 1991ರಲ್ಲಿ ಕನ್ನಡ ವಿಶ್ವವಿದ್ಯಾಲಯ ಬೆಂಗಳೂರಿನಲ್ಲಿ ಅಲ್ಲ, ಹಂಪೆಯಲ್ಲಿ ಶುರುವಾದದ್ದಕ್ಕೆ ಕಾರಣ ಇಲ್ಲಿದೆ. ಕಲ್ಲಿನ ರಥ 50 ರೂಪಾಯಿ ನೋಟಿನ ಮೇಲೂ ಬಂತು.

1986ರಲ್ಲಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ ಮೇಲೆ ನಾಲ್ಕನೆಯ ಅರ್ಥ ಬಂತು, ಜೊತೆಗೆ ಜಗಳವೂ. ಆನೆಗೊಂದಿಗೆ ಸೇತುವೆ ಬೇಕು ಅಂತ ಹೊಳೆಯಾಚೆಯ ಜನ. ಸೇತುವೆ ನೋಟ ಕೆಡಿಸುತ್ತದೆ ಅಂತ ಪರಂಪರೆ ಕಾಯುವವರು. 1999ರಲ್ಲಿ ಹಂಪೆ ಅಪಾಯದ ಪಟ್ಟಿಗೆ ಹೋಯಿತು, 2006ರಲ್ಲಿ ಹೊರಬಂತು. ಆ ಸೇತುವೆ 2009ರಲ್ಲಿ, ಇನ್ನೂ ಕಟ್ಟುತ್ತಿರುವಾಗಲೇ ಕುಸಿದು ಕಾರ್ಮಿಕರು ಸತ್ತರು. 2011ರಲ್ಲಿ ರಥಬೀದಿಯ ಸಾಲುಮಂಟಪಗಳಲ್ಲಿ ಅಂಗಡಿ, ಮನೆ ಮಾಡಿಕೊಂಡಿದ್ದವರನ್ನು ಎಬ್ಬಿಸಲಾಯಿತು. ಮಂಟಪಕ್ಕೆ ಗೋಡೆ ಕಟ್ಟಿದ್ದು ತಪ್ಪು, ಒಪ್ಪುತ್ತೇನೆ. ಆದರೆ ಆ ಮಂಟಪಗಳನ್ನು ಕಟ್ಟಿದ್ದೇ ಅಂಗಡಿ ಬೀದಿಗಾಗಿ. ಅಲ್ಲಿ ಚಹಾ, ಬಳೆ ಮಾರುವವರು ಪರಂಪರೆಯ ಶತ್ರುಗಳು ಅನ್ನುವುದು ನನಗಿನ್ನೂ ಗಂಟಲಲ್ಲಿ ಇಳಿದಿಲ್ಲ.

ಹೊಳೆಯಾಚೆ ಅಂಜನಾದ್ರಿ ಇದೆ, 575 ಮೆಟ್ಟಿಲು ಹತ್ತಬೇಕು. ಹನುಮ ಹುಟ್ಟಿದ ಬೆಟ್ಟ ಅಂತ ನಮ್ಮ ಕಡೆಯವರು ತಲೆತಲಾಂತರದಿಂದ ನಂಬಿಕೊಂಡು ಬಂದದ್ದು. 2021ರಲ್ಲಿ ತಿರುಪತಿ ದೇವಸ್ಥಾನದವರು ಹನುಮ ಹುಟ್ಟಿದ್ದು ತಿರುಮಲೆಯ ಅಂಜನಾದ್ರಿಯಲ್ಲಿ ಅಂದರು. ಎರಡೂ ಕಡೆ ಪಂಡಿತರು ಕೂತು ವಾದ ಮಾಡಿದರು. ಬೆಟ್ಟಕ್ಕೆ ಕಥೆ ಅಂಟಿಸುವ ಕೆಲಸ ದೇವರಾಯನ ಕಾಲಕ್ಕೇ ಮುಗಿಯಿತು ಅಂದುಕೊಂಡಿದ್ದರೆ ಅದು ತಪ್ಪು.

ಇನ್ನೊಂದು ಜಾಗ ಹೇಳದೆ ಬಿಟ್ಟರೆ ಸರಿಯಾಗುವುದಿಲ್ಲ. ವಿಠ್ಠಲ ಗುಡಿಯ ಪೂರ್ವಕ್ಕೆ ನಿಂಬಾಪುರ ಅಂತ ಸಣ್ಣ ಊರು. ಅದರ ಹತ್ತಿರ ಒಂದು ಬೂದಿ ದಿಬ್ಬ ಇದೆ. ರಾಮನ ಬಾಣಕ್ಕೆ ಸತ್ತ ವಾಲಿಯನ್ನು ಸುಟ್ಟ ಜಾಗ ಅಂತ ಹೇಳುತ್ತಾರೆ. ಬಳ್ಳಾರಿ ಸೀಮೆಯಲ್ಲಿ ಕುಡತಿನಿಯಂಥ ಕಡೆ ಇಂಥವೇ ಬೂದಿ ದಿಬ್ಬಗಳಿವೆ. ಅಗೆದು ನೋಡಿದ ಪುರಾತತ್ವದವರು ಹೇಳುವುದು ಇಷ್ಟು. ಸುಮಾರು ನಾಲ್ಕು ಸಾವಿರ ವರ್ಷಗಳ ಹಿಂದೆ ಇಲ್ಲಿ ದನ ಕಾಯುವವರಿದ್ದರು. ಸೆಗಣಿಯನ್ನು ಒಂದೇ ಕಡೆ ಒಟ್ಟುತ್ತಾ ಹೋಗಿ, ಆಗಾಗ ಬೆಂಕಿ ಹಾಕುತ್ತಿದ್ದರು. ಬೂದಿ ಕರಗಿ ಗಾಜಿನಂತೆ ಗಟ್ಟಿಯಾಗುವಷ್ಟು ಬೆಂಕಿ. ಯಾವುದೋ ಹಬ್ಬಕ್ಕೆ ಸುಟ್ಟಿರಬಹುದು ಅನ್ನುವವರು ಬಹಳ. ಹಾಗಾದರೆ ಪಂಪೆಗಿಂತ, ವಿರೂಪಾಕ್ಷನಿಗಿಂತ ಮೊದಲು ಈ ಬಯಲಿನಲ್ಲಿ ಮನುಷ್ಯರು ಬೇಕೆಂದೇ ಎಬ್ಬಿಸಿದ ಮೊದಲ ಗುಡ್ಡ ಅದು. ವಿಠ್ಠಲ ಗುಡಿಗೆ ಹೋಗುವವರು ಅತ್ತ ತಿರುಗಿಯೂ ನೋಡುವುದಿಲ್ಲ. ಫೋಟೋಗೆಂದು ಬೆನ್ನು ಹಾಕಿ ನಿಲ್ಲೋಣ ಅಂದರೆ ಅಲ್ಲಿ ಕಟ್ಟಡವೇ ಇಲ್ಲ.